ಕಾವಿ ಫಳಿ, ಹಸಿರು ಫಳಿ

ಬಣ್ಣ ಹಚ್ಚುವ ಯೋಚನೆ ನನ್ನದೇ. ಮೇಲಿನವರ ಹುಕುಂ ಇರಲಿಲ್ಲ, ಯಾರ ಒತ್ತಾಯವೂ ಇರಲಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಏಕೆಂದರೆ ಆಮೇಲೆ ನಡೆದ ವಿಚಾರಣೆಯಲ್ಲಿ ತಪ್ಪು ಹತ್ತು ಜನರ ನಡುವೆ ಹಂಚಿಹೋಗಿ ಕೊನೆಗೆ ಯಾರದ್ದೂ ಅಲ್ಲದಂತಾಯಿತು.

೧೯೪೯ರ ಬೇಸಿಗೆ. ಹುಮನಾಬಾದಿನಲ್ಲಿ ಬಾಗಿಲು ಮುಚ್ಚಿದ್ದ ಹತ್ತಿ ಗಿರಣಿಯೊಂದನ್ನು ಧಾನ್ಯದ ಗೋದಾಮು ಮಾಡಿದ್ದರು. ಅಲ್ಲಿ ನಾನು ಗುಮಾಸ್ತ. ರೈಲಿನಲ್ಲಿ ಬೀದರಿಗೆ ಬಂದಿಳಿದ ಜೋಳ ಲಾರಿಯಲ್ಲಿ ನಮ್ಮಲ್ಲಿಗೆ ಬರುತ್ತಿತ್ತು. ನಾವು ಇಳಿಸಿ, ಎಣಿಸಿ, ಪೇರಿಸಿ, ಎತ್ತಿನ ಬಂಡಿಗಳಲ್ಲಿ ಕಲ್ಯಾಣದ ಡಿಪೋಕ್ಕೆ ಕಳಿಸಬೇಕು. ಇವತ್ತು ಬಸವಕಲ್ಯಾಣ ಎನ್ನುವ ಊರು ಆಗ ನಮ್ಮ ಬಾಯಲ್ಲಿ ಬರೀ ಕಲ್ಯಾಣ. ಅಲ್ಲಿಂದ ಮಂಠಾಳ, ನಾರಾಯಣಪುರ ಮೊದಲಾದ ಹಳ್ಳಿಗಳಿಗೆ ಜೋಳ ಹೋಗುತ್ತಿತ್ತು.

ಹಿಂದಿನ ವರ್ಷ ಆ ಸೀಮೆಯಲ್ಲಿ ಮೊದಲು ಒಂದು ಕಡೆಯವರ ಮನೆಗಳು ಸುಟ್ಟವು. ಸೆಪ್ಟೆಂಬರಿನ ಪೊಲೀಸ್ ಕಾರ್ಯಾಚರಣೆಯ ನಂತರ ಇನ್ನೊಂದು ಕಡೆಯ ಗಂಡಸರು ಎಷ್ಟೋ ಮನೆಗಳಿಗೆ ಮರಳಲಿಲ್ಲ. ಗಳಿಸುವ ಕೈ ಇಲ್ಲದ ಮನೆಗಳಿಗೆಲ್ಲ, ಯಾವ ಧರ್ಮ ಎಂದು ನೋಡದೆ, ವಾರಕ್ಕಿಷ್ಟು ಸೇರು ಜೋಳ ಪುಕ್ಕಟೆ ಕೊಡಬೇಕೆಂದು ಆದೇಶವಾಗಿತ್ತು. ಅದು ಒಂದು ಬಗೆಯ ಚೀಲ. ಇನ್ನೊಂದು ಬಗೆ, ಜೂನಿನ ಮೊದಲಿಗೆ ಮಿರಗದ ಮಳೆ ಬಿದ್ದ ಮೇಲೆ ರೈತರಿಗೆ ಹಂಚಬೇಕಾದ ಬಿತ್ತನೆ ಜೋಳ. ಬೆಳೆಗೆ ಕಾಡಿಗೆ ರೋಗ ಬಾರದಿರಲೆಂದು ಆ ಬೀಜಕ್ಕೆ ಬೂದು ಬಣ್ಣದ ವಿಷದ ಪುಡಿ ಸವರಿ ಕಳಿಸುತ್ತಿದ್ದರು. ಹೊರಗಿನಿಂದ ನೋಡಿದರೆ ಎರಡೂ ಒಂದೇ ಗೋಣಿ, ಒಂದೇ ಹೊಲಿಗೆ.

ಬೀಜದ ಚೀಲದ ಬಾಯಿಗೆ ಇಂಗ್ಲಿಷಿನ ಚೀಟಿಯೊಂದನ್ನು ಕಟ್ಟಿರುತ್ತಿದ್ದರು. ಲಾರಿಯಲ್ಲಿ ಚೀಲಕ್ಕೆ ಚೀಲ ಉಜ್ಜಿ, ಹಮಾಲರ ಕೊಕ್ಕೆಗೆ ಸಿಕ್ಕಿ, ಅರ್ಧಕ್ಕರ್ಧ ಚೀಟಿಗಳು ದಾರಿಯಲ್ಲೇ ಹರಿದುಹೋಗುತ್ತಿದ್ದವು. ಉಳಿದರೂ ಓದುವವರು ಯಾರು? ಕಚೇರಿಯ ಹಳೆಯ ಕಾಗದ ಉರ್ದುವಿನಲ್ಲಿ, ಹೊಸ ಕಾಗದ ಇಂಗ್ಲಿಷಿನಲ್ಲಿ, ಬಜಾರದವರ ಬರಹ ಮರಾಠಿಯ ಮೋಡಿ ಲಿಪಿಯಲ್ಲಿ, ನನ್ನ ಟಿಪ್ಪಣಿ ಕನ್ನಡದಲ್ಲಿ. ಹಮಾಲರಿಗೆ ಯಾವುದೂ ಬಾರದು.

ಒಂದು ದಿನ ಕೊಡಂಬಲದ ಕಡೆ ಹೊರಟಿದ್ದ ಬಂಡಿಯಲ್ಲಿ ತಿನ್ನುವ ಜೋಳದ ಜೊತೆ ಎರಡು ಬೀಜದ ಚೀಲಗಳು ಸೇರಿಬಿಟ್ಟವು. ಬಂಡಿ ಗೇಟು ದಾಟುವುದರೊಳಗೆ ಹಮಾಲರ ಮುಕಾದಮರು ಅದನ್ನು ತಡೆದರು. ಒಂದು ಚೀಲದ ಹೊಲಿಗೆಯ ಸಂದಿಯಲ್ಲಿ ಬೆರಳು ತೂರಿಸಿ ಎರಡು ಕಾಳು ತೆಗೆದು, ಉಜ್ಜಿ, ನನ್ನ ಮುಂದೆ ಹಿಡಿದರು. ಬೆರಳು ಬೂದು ಹಿಡಿದಿತ್ತು.

"ಇದು ಬಿತ್ತೂದ್ರಿ ಸಾಹೇಬ್ರ. ಹೋಗಿದ್ರ ಹ್ಯಾಂಗ್ರಿ?"

ಎರಡೂ ಚೀಲಗಳನ್ನು ಕೆಳಗಿಳಿಸಲು ಹೇಳಿದೆ. ಕೂಡಲೇ ಸಿಟ್ಟೂ ಬಂತು. ಕೆಲಸದಲ್ಲಿ ಅಚ್ಚುಕಟ್ಟು ಎಂಬ ಜಂಬ ನನಗಿತ್ತು. ನನ್ನ ಕಣ್ಣಿಗೆ ಬೀಳದ್ದು ಹಮಾಲನ ಕಣ್ಣಿಗೆ ಬಿತ್ತಲ್ಲ ಎಂದು ಒಳಗೊಳಗೇ ಚುಚ್ಚಿತು.

ಮುಕಾದಮರು ಅರವತ್ತರ ಹತ್ತಿರದ ಮುಸ್ಲಿಂ ಹಿರಿಯರು. ಈಗ ಬರೆಯುವಾಗ ಅವರು ಎನ್ನುತ್ತಿದ್ದೇನೆ. ಆಗ ನೀನು ಎಂದೇ ಕರೆಯುತ್ತಿದ್ದೆ; ಕೊನೆಗೊಂದು ಚಾಚಾ ಸೇರಿಸಿದರೆ ಮರ್ಯಾದೆ ಕೊಟ್ಟಂತಾಯಿತು ಎಂದುಕೊಂಡಿದ್ದೆ. ಅವರ ಕೈಕೆಳಗೆ ಮೊದಲು ಇಪ್ಪತ್ತು ಜನರಿದ್ದರಂತೆ, ಆಗ ಒಂಬತ್ತು ಉಳಿದಿದ್ದರು. ಒಬ್ಬಳೇ ಮಗಳನ್ನು ಕಲ್ಯಾಣಕ್ಕೆ ಕೊಟ್ಟಿದ್ದರು. ಅವಳ ಗಂಡ ಸೆಪ್ಟೆಂಬರಿನಲ್ಲಿ ಮನೆಯಿಂದ ಹೊರಬಿದ್ದವನು ತಿರುಗಿ ಬಂದಿರಲಿಲ್ಲ. ಎರಡು ಸಣ್ಣ ಹೆಣ್ಣುಮಕ್ಕಳನ್ನು ಕಟ್ಟಿಕೊಂಡು ಅವಳು ಅಲ್ಲೇ, ಕೋಟೆಯ ಬದಿಯ ಓಣಿಯಲ್ಲಿದ್ದಳು. ಇಲ್ಲಿಗೆ ಕರೆಸಿಕೊಳ್ಳಬಾರದೇ ಎಂದು ನಾನೊಮ್ಮೆ ಕೇಳಿದ್ದಕ್ಕೆ ಅವರು ಹೇಳಿದ್ದು ಇಷ್ಟೆ: "ಬಾ ಅಂದ್ರ ಬರಂಗಿಲ್ರಿ. ಅಂವ ಬಂದಾಗ ಮನಿಗಿ ಕೀಲಿ ಇದ್ರ ಹೊಳ್ಳಿ ಹೋಗ್ತಾನ ಅಂತಾಳ."

ಆ ಬಂಡಿಯ ಪ್ರಸಂಗದ ನಂತರ ನಾನು ಫಳಿಗಳ ಕಡೆ ತಿರುಗಿದೆ. ಫಳಿ ಎಂದರೆ ಚೀಲ ನೆಲಕ್ಕೆ ತಾಗಿ ಮುಗ್ಗು ಹಿಡಿಯದಂತೆ ಕೆಳಗಿಡುವ ಹಲಗೆಯ ಚೌಕಟ್ಟು. ಯುದ್ಧ ಮುಗಿದ ಮೇಲೆ ಸೈನ್ಯದ ಉಗ್ರಾಣದವರು ಮಾರಿದ ಹಳೆಯ ಫಳಿಗಳು ಒಂದು ಲಾರಿ ತುಂಬ ನಮ್ಮ ಪಾಲಿಗೆ ಬಂದಿದ್ದವು. ಕೆಲವುಗಳ ಅಂಚಿಗೆ ಮಾಸಿದ ನೀಲಿ, ಕೆಲವುಗಳ ಅಂಚಿಗೆ ಹಳದಿ. ಯಾವ ಸಾಮಾನು ಯಾವುದರ ಮೇಲೆ ಎಂದು ಸಿಪಾಯಿಗಳಿಗೆ ತಿಳಿಯಲು ಹಾಗೆ ಮಾಡುತ್ತಾರೆ ಎಂದು ಲಾರಿಯ ಡ್ರೈವರ್ ಹೇಳಿದ. ನನಗೆ ಅಷ್ಟೇ ಸಾಕಾಯಿತು. ಬಣ್ಣ ಓದಲು ಶಾಲೆ ಬೇಡವಲ್ಲ!

ಎರಡು ಬಗೆಗೆ ಎರಡು ಬಣ್ಣ. ಬಜಾರದಲ್ಲಿ ಕಾವಿ ಮಣ್ಣು ಬೇಕಾದಷ್ಟು ಸಿಗುತ್ತಿತ್ತು. ಅಗಸೆ ಎಣ್ಣೆಯಲ್ಲಿ ಕಲಸಿದರೆ ಗಟ್ಟಿಯಾಗಿ ನಿಲ್ಲುತ್ತದೆ. ತಿನ್ನುವ ಜೋಳ ಹೆಚ್ಚು, ಅದಕ್ಕೆ ಕಾವಿ. ಅದೇ ಲಾರಿಯಲ್ಲಿ ಬಂದ ಎರಡು ಡಬ್ಬಿ ಹಸಿರು ಬಣ್ಣವಿತ್ತು. ಬೀಜ ಅಂದರೆ ಪೈರು, ಪೈರು ಅಂದರೆ ಹಸಿರು. ಆದ್ದರಿಂದ ಬೀಜಕ್ಕೆ ಹಸಿರು. ಇಷ್ಟು ಸರಳವಾಗಿ ಯೋಚಿಸಿದೆ. ಆ ವರ್ಷ, ಆ ಊರುಗಳಲ್ಲಿ, ಕಾವಿಯನ್ನೂ ಹಸಿರನ್ನೂ ಅಕ್ಕಪಕ್ಕ ಇಟ್ಟರೆ ಜನರಿಗೆ ಏನು ಕಾಣುತ್ತದೆ ಎಂದು ನನಗೆ ಹೊಳೆಯಲೇ ಇಲ್ಲ. ಹೊಳೆಯಬೇಕಿತ್ತು. ನಾನೇನು ಹೊರಗಿನವನಲ್ಲ.

ಮೊದಲ ವಾರ ಬರೀ ಫಜೀತಿ. ಕಾವಿ ಒಣಗುವ ಮೊದಲೇ ಚೀಲ ಎಳೆದು ಅಳಿಸಿಹೋಯಿತು. ಫಳಿಯ ಮೇಲ್ಭಾಗಕ್ಕೆ ಹಚ್ಚಿದ್ದು ಚೀಲದ ಕೆಳಗೆ ಮರೆಯಾಯಿತು. ಆಮೇಲೆ ನಾಲ್ಕೂ ಅಂಚಿಗೆ ಹಚ್ಚಿಸಿದೆ. ಪೇರಿಸಿದ ಚೀಲಗಳ ಥಪ್ಪಿ ಎಷ್ಟೇ ಎತ್ತರವಿರಲಿ, ಯಾವ ಮಗ್ಗುಲಲ್ಲಿ ನಿಂತರೂ ಅದರ ಬುಡದ ಬಣ್ಣ ಕಾಣಬೇಕು. ಫಳಿಯ ಬಣ್ಣವನ್ನೇ ಚೀಲದ ಹೊಟ್ಟೆಯ ಮೇಲೆ ಒಂದು ಗೇಣಗಲದ ಪಟ್ಟೆಯಾಗಿ ಎಳೆಸಿದೆ. ಬಂಡಿಯವನ ಕೈಗೆ ಅದೇ ಬಣ್ಣದ ಚೀಟಿ. ಕಲ್ಯಾಣದ ಡಿಪೋಕ್ಕೂ ಎರಡೂ ಬಣ್ಣದ ಫಳಿಗಳನ್ನು ಕಳಿಸಿದೆ. ಕಾವಿ ಪಟ್ಟೆ ಕಾವಿ ಫಳಿಯ ಮೇಲೆ, ಹಸಿರು ಪಟ್ಟೆ ಹಸಿರು ಫಳಿಯ ಮೇಲೆ ಇಳಿಯಬೇಕು. ಅಲ್ಲಿನ ಗುಮಾಸ್ತರು ಬುದ್ಧಿವಂತರು, ಒಮ್ಮೆ ಹೇಳಿದ್ದೇ ಸಾಕಾಯಿತು. ಒಂದು ತಿಂಗಳು ಒಂದೇ ಒಂದು ಚೀಲ ತಪ್ಪಲಿಲ್ಲ. ದೊಡ್ಡ ಸಾಹೇಬರು ಬಂದವರು ಥಪ್ಪಿಗಳ ನಡುವೆ ಓಡಾಡಿ "ಶಾಬಾಸ್" ಎಂದರು. ಆ ಮಾತು ಎಂಟು ದಿನ ನನ್ನ ತಲೆಯಿಂದ ಇಳಿಯಲಿಲ್ಲ.

ಆ ಎಂಟು ದಿನಗಳ ಒಳಗೇ ಮುಕಾದಮರು ನನ್ನ ಮೇಜಿನ ಬಳಿ ಬಂದು ನಿಂತಿದ್ದು.

"ಸಾಹೇಬ್ರ, ಬಣ್ಣ ಬದಲಿ ಮಾಡಿದ್ರ ಛಲೋ ಇತ್ರಿ."

"ಯಾಕ? ಏನಾಗ್ಯಾದ ಈ ಬಣ್ಣಕ್ಕ?"

"ಏನೂ ಆಗಿಲ್ರಿ. ಬಂಡಿಯವ್ರು, ಬಜಾರದಾಗಿನ ಮಂದಿ... ನೋಡಿದವ್ರು ಬ್ಯಾರೇನ ಮಾತಾಡಾಕತ್ತಾರ್ರಿ. ಸುಮ್ನ ಜಗಳಾ ಹತ್ತಬಾರದು ಅಂತ."

ಅವರು ಅದಕ್ಕಿಂತ ಹೆಚ್ಚು ಬಿಡಿಸಿ ಹೇಳಲಿಲ್ಲ. ಆ ವರ್ಷ ಅವರ ಕಡೆಯವರು ಯಾರೂ ಯಾವ ಮಾತನ್ನೂ ಬಿಡಿಸಿ ಹೇಳುತ್ತಿರಲಿಲ್ಲ. ನಾನು ಕೇಳಬಹುದಿತ್ತು. ಮತ್ತೆ ಅಷ್ಟೂ ಫಳಿ ಕೆರೆದು ಬಣ್ಣ ಬಳಿಯುವುದು ನನ್ನ ಕಣ್ಣ ಮುಂದೆ ಬಂತು.

"ನಿನಗ್ಯಾಕ ಚಾಚಾ ಊರ ಉಸಾಬರಿ? ಚೀಲ ಹೊರೋದು ನೋಡು."

"ಹೌದ್ರಿ," ಎಂದು ಹೋದರು.

ಅದಾದ ಮೇಲೆ ಕಲ್ಯಾಣದ ಗುಮಾಸ್ತರಿಗೆ ವರ್ಗವಾಯಿತು. ಬದಲಿಗೆ ಇನ್ನೂ ಯಾರೂ ಬಂದಿರಲಿಲ್ಲ. ಡಿಪೋದ ಕೀಲಿ ತೂಕ ಮಾಡುವವನ ಕೈಯಲ್ಲಿತ್ತು. ಮಂಠಾಳದ ಮನುಷ್ಯ, ಹಿಂದೆ ಅಡತಿ ಅಂಗಡಿಯಲ್ಲಿ ತಕ್ಕಡಿ ಹಿಡಿದವನು, ಒಂದು ಕಾಳಿನಷ್ಟೂ ಮೋಸ ಮಾಡದವನು. ನಾನು ಅವನಿಗೆ ಬೀಜದ ಚೀಲ ಯಾವುದು, ತಿನ್ನುವುದು ಯಾವುದು, ಹಸಿರು ಥಪ್ಪಿಯನ್ನು ಮಳೆಯವರೆಗೆ ಮುಟ್ಟಕೂಡದು ಎಂದೆಲ್ಲ ಎರಡು ಪುಟ ಬರೆದು ಕಳಿಸಿದೆ. ಉರ್ದುವಿನಲ್ಲಿ. ಅವನಿಗೆ ಮರಾಠಿ ಬಿಟ್ಟು ಬೇರೇನೂ ಓದಲು ಬಾರದು ಎಂದು ನನಗೆ ಗೊತ್ತಾಗಿದ್ದು ಆಮೇಲೆ. ಕಾಗದ ತಂದುಕೊಟ್ಟ ಬಂಡಿಯವನನ್ನು ಅವನು ಇದೇನೆಂದು ಕೇಳಿದ್ದಾನೆ. ಬಂಡಿಯವನು ನಾನು ದಿನಾ ಹೇಳುತ್ತಿದ್ದ ಮಾತನ್ನೇ ಹೇಳಿದ್ದಾನೆ: ಓದಾಕ ಬರದಿದ್ರೂ ನಡೀತದ, ಬಣ್ಣ ನೋಡಿದ್ರ ಸಾಕು.

ಮೇ ತಿಂಗಳ ಕೊನೆಯ ಒಂದು ಮುಂಜಾನೆ ಅದೇ ಬಂಡಿಯವನು ಕಲ್ಯಾಣದಿಂದ ಬಂದ. ಎತ್ತು ಬಿಚ್ಚುತ್ತ ಊರಿನ ಸುದ್ದಿ ಹೇಳಿದ.

"ಕೋಟಿ ಬಾಜೂ ಓಣ್ಯಾಗ ಮಂದಿಗಿ ವಾಂತಿ ಹತ್ಯಾದ್ರಿ. ಒಂದು ಮುದುಕಿ ನಿನ್ನೆ ತೀರಿಕೊಂಡ್ಳು. ಕಾಲರಾ ಅಂತಾರ್ರಿ."

ಕಾಲರಾ ಆಗಬಹುದು, ಬಾವಿಯ ನೀರು ತಳ ಕಂಡ ಕಾಲ. ನಾನು ಅಯ್ಯೋ ಎಂದೆ. ಅವನು ನೀರು ಕುಡಿದು ಬಂದು ಕೇಳಿದ:

"ಇವತ್ತು ಹಸಿರು ಪಟ್ಟಿ ಚೀಲಾನೂ ಹೇರ್ಲೇನ್ರಿ? ಅಲ್ಲಿ ಹಸಿರು ಥಪ್ಪಿ ಅರ್ಧಾ ಕಡಿಮಿ ಆಗ್ಯಾದ."

ಮಳೆ ಇನ್ನೂ ಬಿದ್ದಿರಲಿಲ್ಲ. ಒಬ್ಬ ರೈತನೂ ಬೀಜಕ್ಕೆ ಬಂದಿರಲಿಲ್ಲ. ಹಸಿರು ಥಪ್ಪಿ ಹೇಗೆ ಕಡಿಮೆಯಾಯಿತು?  ತಲೆ ಎತ್ತಿದರೆ ಮುಕಾದಮರು ಬಾಗಿಲಲ್ಲಿ ನಿಂತು ಎಲ್ಲ ಕೇಳಿಸಿಕೊಂಡಿದ್ದರು. ಇಬ್ಬರೂ ರಸ್ತೆಗೆ ಬಂದೆವು. ಸೋಲಾಪುರದ ಕಡೆ ಹೊರಟಿದ್ದ ಲಾರಿಗೆ ಕೈ ಮಾಡಿ ಹತ್ತಿ, ಕಲ್ಯಾಣದ ತಿರುವಿನಲ್ಲಿ ಇಳಿದು, ಅಲ್ಲಿಂದ ಟಾಂಗಾದಲ್ಲಿ ಊರು ಸೇರುವಾಗ ಬಿಸಿಲು ನೆತ್ತಿಯ ಹತ್ತಿರ ಬಂದಿತ್ತು.

ಮುಕಾದಮರು ನೇರ ಮಗಳ ಮನೆಯ ಕಡೆ ಓಡಿದರು. ನಾನು ಡಿಪೋಕ್ಕೆ ಹೋದೆ.

ತೂಕದವನು ನನ್ನನ್ನು ನೋಡಿ ಖುಷಿಯಿಂದಲೇ ಎದ್ದು ನಿಂತ. ಹಸಿರು ಥಪ್ಪಿಯ ಮೇಲಿನ ಸಾಲುಗಳು ಹೋಗಿದ್ದವು.

"ಇವು ಯಾರಿಗೆ ಕೊಟ್ಟಿ?"

"ಅವ್ರವ್ರಿಗೆ ಕೊಟ್ಟೀನ್ರಿ. ಕಾವಿದು ನಮ್ಮ ಮಂದಿಗಿ, ಹಸಿರಿಂದು ಅವ್ರ ಮಂದಿಗಿ. ಬಣ್ಣಾನ ಹೇಳ್ತದಲ್ರಿ."

"ಹಂಗಂತ ಯಾರು ಹೇಳಿದ್ರು ನಿನಗ?"

ಅವನು ಗಾಬರಿಯಾದ. "ಯಾರ ಹೇಳಬೇಕ್ರಿ? ನೋಡಿದ್ರ ಗೊತ್ತಾಗಂಗಿಲ್ಲೇನು? ಒಬ್ಬರಿಗೂ ಕಡಿಮಿ ತೂಗಿಲ್ರಿ, ಖರೇನ. ಒಂದಿನ ಹಸಿರು ಕೆಳಗ ಸಿಕ್ಕಿತ್ತು, ಕಾವಿದ ತೊಗೋರಿ ಅಂದೆ. ಆ ಹೆಣ್ಣಮಕ್ಕಳು ಒಲ್ಲೆ ಅಂದ್ರು. ಅದು ನಮ್ದಲ್ಲ, ಇನ್ನೊಬ್ಬರ ಪಾಲು ನಮಗ ಬ್ಯಾಡ, ಆಮ್ಯಾಲ ನಮ್ಮ ಮ್ಯಾಗ ಬರ್ತದ ಅಂದ್ರು. ನಾನಽ ಮ್ಯಾಲಿನ ಚೀಲಾ ಸರಿಸಿ ಹಸಿರಿಂದು ತೆಗದು ಕೊಟ್ಟೆ."

ನಾನು ಹಸಿರು ಫಳಿಯ ಅಂಚಿನ ಮೇಲೆ ಕೂತುಬಿಟ್ಟೆ. ಅವನದು ತಪ್ಪು ಎನ್ನುವಂತಿರಲಿಲ್ಲ. ಒಬ್ಬರ ಪಾಲು ಒಬ್ಬರಿಗೆ ಹೋಗದಿರಲಿ, ಜಗಳವಾಗದಿರಲಿ ಎಂದು ಅವನು ಇದ್ದಷ್ಟು ನಿಯತ್ತಿನಿಂದ ಮಾಡಿದ್ದ. ಆ ಹೆಂಗಸರು ಹೆದರಿಕೆಯಿಂದ ಮಾಡಿದ್ದರು. ಎರಡೂ ಕಡೆಯವರು ಸೇರಿ ಇಷ್ಟು ಸರಿಯಾಗಿ ವಿಷ ಹಂಚುವಂತೆ ನಾನು ವ್ಯವಸ್ಥೆ ಮಾಡಿಟ್ಟಿದ್ದೆ.

ಯಾದಿ ಕೇಳಿದೆ. ಉರ್ದುವಿನಲ್ಲಿ ಬರೆದ ಹೆಸರುಗಳ ಮುಂದೆ ತೂಕದವನು, ಅವರವರ ಚೀಟಿಯ ಅಂಕಿ ಹೊಂದಿಸಿ ನೋಡಿ, ಗುರುತಿಗೆ ಒಂದೊಂದು ಗೆರೆ ಎಳೆದಿದ್ದ. ಓಣಿಯ ಮೂವತ್ತೊಂದು ಮನೆಗೆ ಗೆರೆ ಬಿದ್ದಿತ್ತು. ಕೊನೆಯಿಂದ ಮೂರನೆಯ ಹೆಸರು ಮುಕಾದಮರ ಮಗಳದು. ಹಿಂದಿನ ದಿನವಷ್ಟೇ ಒಯ್ದಿದ್ದಳು.

ಮುಕಾದಮರು ಏದುಸಿರು ಬಿಡುತ್ತ ಬಂದರು. "ಕೀಲಿ ಹಾಕ್ಯಾದ್ರಿ. ನಾರಾಯಣಪುರಕ್ಕ ನಾದಿನಿ ಮನಿಗಿ ಹೋಗಿರಬೇಕು. ಎಂಟು ದಿನದ ಹಿಂದ ಹೋಗ್ತೀನಿ ಅಂತ ನನಗ ಹೇಳಿ ಕಳಿಸಿದ್ಳು. ಪುಣ್ಯಾ, ಊರಾಗಿಲ್ಲ. ಆಕಿ ಹೆಸರು ಅದ ಏನ್ರಿ ಅದರಾಗ?"

ನಾನು ಯಾದಿಯನ್ನು ಮಡಚಿದೆ.

ಓಣಿಗೆ ಹೋಗಬೇಕು. ನಾನು ಯಾರು ಆ ಓಣಿಗೆ? ಸರ್ಕಾರದ ಮನುಷ್ಯ, ಅದರಲ್ಲೂ ಈ ಕಡೆಯವನು. ಒಬ್ಬಳೂ ಬಾಗಿಲು ತೆರೆಯುವುದಿಲ್ಲ. ಮುಕಾದಮರು ಜೊತೆಗಿದ್ದರೆ ತೆರೆದಾರು. ಅವಳ ಹೆಸರಿದೆ ಎಂದರೆ ಅವರು ಆ ಕ್ಷಣವೇ ಮಗಳನ್ನು ಹುಡುಕಿ ಹೊರಡುತ್ತಾರೆ. ಮೂವತ್ತು ಮನೆಗಳಲ್ಲಿ ಮಧ್ಯಾಹ್ನದ ರೊಟ್ಟಿಗೆ ಹಿಟ್ಟು ಕಲಸುತ್ತಿರಬಹುದು. ನನಗೆ ಅವರು ಬೇಕಿತ್ತು.

"ಇನ್ನೂ ನೋಡಬೇಕು ಚಾಚಾ. ಮೊದಲು ಓಣಿಗೆ ಹೋಗೂನು ನಡಿ," ಎಂದೆ.

ದವಾಖಾನೆಯ ಡಾಕ್ಟರು ಆಗಲೇ ಓಣಿಯಲ್ಲಿದ್ದರು. ನಾನು ಹೇಳಿದ್ದನ್ನು ಕೇಳಿ ಬೈಯಲಿಲ್ಲ. "ಹಿಟ್ಟು, ಕಾಳು, ನೆನೆಸಿಟ್ಟ ಕಣಕ, ಎಲ್ಲ ವಾಪಸ್ ತಗೋರಿ. ಒಂದು ತುತ್ತೂ ಇರಬಾರದು," ಎಂದು ರೋಗಿಗಳ ಕಡೆ ಹೋದರು.

ಮೊದಲ ಬಾಗಿಲಲ್ಲೇ ನಿಂತುಹೋದೆವು. ಒಬ್ಬ ಹೆಂಗಸು ಪರದೆಯ ಹಿಂದಿನಿಂದಲೇ ಕೇಳಿದಳು: "ಮೊದಲು ಗಂಡಸ್ರನ್ನ ಒಯ್ದ್ರಿ. ಆಮ್ಯಾಲ ಭಾಂಡೆ ಒಯ್ದ್ರಿ. ಈಗ ಜ್ವಾಳಾನೂ ಕಸಗೊಳ್ಳಾಕ ಬಂದೀರೇನು?"

ವಿಷ ಇದೆ ತಾಯಿ ಎಂದೆ.

"ಹಂಗಾರ ವಿಷಾ ಅಂತ ಗೊತ್ತಿದ್ದ ಕೊಟ್ಟೀರಿ?"

 ಅವಳು ಕೋಪದಲ್ಲಿ ಹೇಳಿದ ಇನ್ನೊಂದು ಮಾತು ಅದಕ್ಕಿಂತ ಹೆಚ್ಚು ನಾಟಿತು. "ಹಸಿರು ಪಟ್ಟಿ ನೋಡಿ, ನಮ್ಮನ್ನೂ ನೆನಸ್ಯಾರ ಅಂತ ಅತ್ತಿದ್ದೆ ನಾ. ಧೂಳಾ ಅಂತ ಎರಡು ನೀರಾಗ ತೊಳದೆ."

ಬದಲಿ ಜೋಳ ಕೊಡದೆ ಇದ್ದುದನ್ನು ಯಾರೂ ಬಿಡುವುದಿಲ್ಲ ಎಂದು ಮುಕಾದಮರು ಹೇಳಿದರು. ಬದಲಿ ಕೊಡಲು ನನಗೆ ಅಧಿಕಾರವಿರಲಿಲ್ಲ. ಬೀದರಿನಿಂದ ಹುಕುಂ ಬರಲು ಎರಡು ದಿನ ಬೇಕು. ಡಿಪೋಕ್ಕೆ ಹಿಂದಿರುಗಿ ಕಾವಿ ಥಪ್ಪಿಯನ್ನು ಇಳಿಸಲು ತೂಕದವನಿಗೆ ಹೇಳಿದೆ. ಅವನು ಚೀಲ ಹೊರಲು ಬಗ್ಗಿದಾಗ ಮುಕಾದಮರು ಅವನ ತೋಳು ಹಿಡಿದರು.

"ಕಾವಿ ಪಟ್ಟಿ ಚೀಲಾ ಆ ಓಣ್ಯಾಗ ಒಯ್ದ್ರ ಯಾರೂ ಮುಟ್ಟಂಗಿಲ್ರಿ ಸಾಹೇಬ್ರ. ಇದರಾಗ ಏನ್ ಹಾಕ್ಯಾರೋ ಅಂತಾರ."

ಅಲ್ಲೇ ನಿಂತು ನಿರ್ಧಾರ ಮಾಡಿದೆ. ಓಣಿಯ ಬಾಯಿಯಲ್ಲಿ ಬೇವಿನ ಮರದ ಕೆಳಗೆ ದೊಡ್ಡ ತಾಡಪತ್ರಿ ಹಾಸಿಸಿದೆ. ಅದರ ಮೇಲೆ ಚೀಲಗಳನ್ನೆಲ್ಲ ಬಿಚ್ಚಿ ಸುರಿಸಿದೆ. ಖಾಲಿ ಚೀಲಗಳನ್ನು ಡಿಪೋಕ್ಕೆ ಹಿಂದಕ್ಕೆ ಕಳಿಸಿದೆ. ಫಳಿ ಇಲ್ಲ, ಪಟ್ಟೆ ಇಲ್ಲ, ಚೀಟಿ ಇಲ್ಲ. ಎಲ್ಲರ ಕಣ್ಣೆದುರು ಬರೀ ಜೋಳದ ರಾಶಿ. ಒಂದು ತಿಂಗಳು ನಾನು ಬೆವರು ಸುರಿಸಿ ಕಟ್ಟಿದ ಏರ್ಪಾಡನ್ನು ಅರ್ಧ ತಾಸಿನಲ್ಲಿ ನಾನೇ ಬಿಚ್ಚಿ ಹರವಿದ್ದೆ. ಮುಕಾದಮರು ರಾಶಿಯಿಂದ ಒಂದು ಹಿಡಿ ಎತ್ತಿ, ತೊಳೆಯದೆ, ಬಾಯಿಗೆ ಹಾಕಿ ಜಗಿದರು. ಆಮೇಲೆ ಓಣಿಯ ಕಡೆ ತಿರುಗಿ, ಇದು ತಿನ್ನುವ ಜೋಳ, ಹೆದರಬೇಡಿ ಎಂದು ಅವರ ಮಾತಿನಲ್ಲಿ ಕೂಗಿ ಹೇಳಿದರು. ನನ್ನ ಕಡೆ ನೋಡಿ, "ನೀವೂ ಹೇಳ್ರಿ. ನಿಮ್ಮ ಬಾಯಿಲೆ ಕೇಳಬೇಕು ಅವ್ರು," ಎಂದರು.

ನಾನು ಹೇಳಿದೆ. ಬಣ್ಣ ನಾನು ಹಚ್ಚಿಸಿದ್ದು, ಹಸಿರು ನಿಮ್ಮದೂ ಅಲ್ಲ, ಕಾವಿ ಅವರದೂ ಅಲ್ಲ, ನಾನು ಯಾರಿಗೂ ತಿಳಿಸಿ ಹೇಳಲಿಲ್ಲ, ತಪ್ಪು ನನ್ನದು ಎಂದೆ. ಕಲ್ಲು ಬೀಳಬಹುದೆಂದು ಅಂಜಿದ್ದೆ. ಏನೂ ಬೀಳಲಿಲ್ಲ. ಬಾಗಿಲುಗಳು ಒಂದೊಂದಾಗಿ ತೆರೆದವು.

ಮುಕಾದಮರು ಮನೆ ಮನೆ ಹೊಕ್ಕರು. ಗಡಿಗೆಯ ಕಾಳು, ಡಬ್ಬಿಯ ಹಿಟ್ಟು, ಬೀಸುವ ಕಲ್ಲಿನ ಸುತ್ತ ಉಳಿದ ನುಚ್ಚು, ತವೆಯ ಮೇಲಿನ ಅರೆಬೆಂದ ರೊಟ್ಟಿ, ಎಲ್ಲ ಹೊರಗೆ ಬಂತು. ಒಂದು ಸೇರು ಒಳಗಿನಿಂದ, ಒಂದು ಸೇರು ರಾಶಿಯಿಂದ. ನಾನು ಯಾದಿಯಲ್ಲಿ ಒಂದೊಂದೇ ಹೆಸರು ಹೊಡೆಯುತ್ತ ಹೋದೆ. ಒಬ್ಬ ಮುದುಕನ ಕೈಯಿಂದ ತುತ್ತನ್ನೇ ಕಸಿದರಂತೆ ಅವರು. ಬಿಸಿಲಿಗೆ ಅವರ ಅಂಗಿ ಬೆನ್ನಿಗೆ ಅಂಟಿತ್ತು, ನೀರು ಕುಡಿಯಲೂ ನಿಲ್ಲಲಿಲ್ಲ. ಪ್ರತಿ ಸಲ ಹೊರಬಂದಾಗ ನಾನು ಅವರ ಮುಖ ತಪ್ಪಿಸಿದೆ. ಇನ್ನೊಂದು ಮನೆಯಾಗಲಿ, ಆಮೇಲೆ ಹೇಳುತ್ತೇನೆ ಎಂದುಕೊಂಡೆ. ಮತ್ತೊಂದು ಮನೆ ಎಂದುಕೊಂಡೆ.

ಹೊತ್ತು ಇಳಿಯುವಾಗ ಯಾದಿಯಲ್ಲಿ ಒಂದೇ ಹೆಸರು ಉಳಿಯಿತು. ಆಗಲೇ ಅವರ ಮಗಳ ಪಕ್ಕದ ಮನೆಯ ಹೆಂಗಸು ತನ್ನ ಗಡಿಗೆ ಹೊತ್ತು ಬಂದಳು.

"ನಿಮ್ಮ ಮಗಳಿಗೂ ಹೇಳಿ ಕಳಸ್ರಿ ಚಾಚಾ. ಆಕಿನೂ ನಿನ್ನೆ ಇದನ್ನಽ ಒಯ್ದಾಳ. ಇವತ್ತು ನಸುಕಿನ್ಯಾಗ ಬಂಡಿ ಮಾಡಿಕೊಂಡು ಭಾಲ್ಕಿ ಟೇಶನ್ನಿಗೆ ಹೋದ್ಳು. ಮೈದುನ ಹೈದ್ರಾಬಾದಿಗೆ ಬಾ ಅಂತ ಕಾಗದ ಹಾಕಿದ್ನಂತ. ಅಬ್ಬಾಗ ಅಲ್ಲಿಂದ ತಿಳಸ್ತೀನಿ ಅಂದ್ಳು, ಗಂಡ ಬಂದ್ರ ಕೊಡು ಅಂತ ಮನಿ ಕೀಲಿಕೈ ನನಗ ಕೊಟ್ಟಾಳ. ದಾರಿಗಿ ಬೇಕಾಗ್ತದ ಅಂತ ರಾತ್ರಿನಽ ಎಲ್ಲಾ ಬೀಸಿ ಇಟ್ಕೊಂಡಿದ್ಳು."

ಮುಕಾದಮರು ನನ್ನ ಕಡೆ ತಿರುಗಲಿಲ್ಲ. ನನ್ನ ಕೈಯಲ್ಲಿದ್ದ ಯಾದಿಯಲ್ಲಿ ಅವಳ ಹೆಸರಿತ್ತೆಂದು ಅವರಿಗೆ ಹೊಳೆಯಿತೋ ಇಲ್ಲವೋ ತಿಳಿಯದು. ಅವರಿಗೆ ಓದಲು ಬಾರದು. ಹೆಗಲ ಮೇಲಿನ ವಸ್ತ್ರ ಕೆಳಗೆ ಬಿದ್ದದ್ದನ್ನೂ ಎತ್ತಿಕೊಳ್ಳದೆ ಟಾಂಗಾ ನಿಲ್ಲುವ ಕಡೆ ಓಡಿದರು.

ಹದಿನೈದು ದಿನ ಅವರ ಸುದ್ದಿ ಇರಲಿಲ್ಲ. ಆ ನಡುವೆ ದೊಡ್ಡ ಸಾಹೇಬರು ಬಂದು ವಿಚಾರಣೆ ಮಾಡಿದರು. ಓಣಿಯಲ್ಲಿ ಆ ಮುದುಕಿಯನ್ನು ಬಿಟ್ಟು ಉಳಿದವರೆಲ್ಲ ಬದುಕಿದರು. ಬಾಯಿ ಹುಣ್ಣಾಗಿ, ಕೈ ನಡುಗುತ್ತ, ಆದರೂ ಬದುಕಿದರು. ಅಷ್ಟರಮಟ್ಟಿಗೆ ನಾನು ಸಮಯಪ್ರಜ್ಞೆ ತೋರಿಸಿದೆ ಎಂದು ವರದಿಯಲ್ಲಿ ಬರೆದರು. ಬೀಜಕ್ಕೆ ಬೇರೆ ಗೋದಾಮು ಗೊತ್ತುಮಾಡಿದರು. ನಾವು ಫಳಿಗಳ ಅಂಚನ್ನು ಕತ್ತಿಯಿಂದ ಕೆರೆದು, ಇದ್ದ ಬೀಜ ಅಲ್ಲಿಗೆ ಸಾಗುವವರೆಗೆ ಕಪ್ಪು ಬಿಳಿ ಹಚ್ಚಿ, ಯಾವುದು ಏನೆಂದು ಪ್ರತಿಯೊಬ್ಬನಿಂದಲೂ ಬಾಯಲ್ಲಿ ಹೇಳಿಸಿದೆವು.

ಮಿರಗದ ಮೊದಲ ಮಳೆ ಬಿದ್ದ ಮರುದಿನ ಮುಕಾದಮರು ಗೋದಾಮಿನ ಬಾಗಿಲಿಗೆ ಬಂದರು. ನಾನು ಎದ್ದು ಹೊರಗೆ ಹೋದೆ.

"ಸಿಕ್ಕಳೇನ್ರಿ ಚಾಚಾ?" ಮೊದಲ ಸಲ ನನ್ನ ಬಾಯಲ್ಲಿ ಬಹುವಚನ ಬಂತು. ಅವರು ಅದನ್ನು ಗಮನಿಸಿದಂತೆ ಕಾಣಲಿಲ್ಲ.

"ಸಿಕ್ಕಳ್ರಿ. ಆಕಿ ಅದಾಳ. ದೊಡ್ಡ ಹುಡುಗಿನೂ ಅದಾಳ." ಗೋಡೆಗೆ ಒರಗಿ ಕೂತರು. "ಸಣ್ಣಾಕಿ ಇಲ್ರಿ."

ನಾನು ಅವರ ಎದುರಿಗೆ ಕುಕ್ಕರಿಸಿದೆ. ಅವರು ತಾವಾಗಿಯೇ ಹೇಳುತ್ತ ಹೋದರು. ರಾತ್ರಿಯೆಲ್ಲ ಟಾಂಗಾ, ನಡಿಗೆ ಎಲ್ಲ ಮಾಡಿ ಭಾಲ್ಕಿ ಮುಟ್ಟುವಾಗ ಮುಂಜಾನೆಯ ಗಾಡಿ ಹೋಗಿ ಒಂದು ತಾಸಾಗಿತ್ತಂತೆ. ಹೈದರಾಬಾದಿನಲ್ಲಿ ಮೈದುನನ ಮನೆ ಹುಡುಕಲು ಮೂರು ದಿನ ಹಿಡಿಯಿತಂತೆ.

"ಸಂಜಿತನಾ ಮಕ್ಕಳಿಗಿ ಏನೂ ಕೊಟ್ಟಿದ್ದಿಲ್ಲಂತ್ರಿ. ಬರೀ ಬೆಲ್ಲಾ ನೀರು. ಹೊತ್ತು ಮುಳುಗಿದ ಮ್ಯಾಲ ಟೇಶನ್ ಹೊರಗ ಮೂರು ಕಲ್ಲಿಟ್ಟು ರೊಟ್ಟಿ ಮಾಡ್ಯಾಳ. ಸಣ್ಣಾಕಿಗಿ ಭಾಳ ಹಸಿವಾಗಿತ್ತು, ಮೊದಲು ಆಕಿಗಿ ಕೊಟ್ಟಾಳ. ಆಕಿಗಿ ವಾಂತಿ ಹತ್ತಿದ್ದ ನೋಡಿ ಇವ್ರಿಬ್ಬರು ಉಣ್ಣಲಿಲ್ಲಂತ." ಅಂಗೈಯಿಂದ ಮುಖ ಒರೆಸಿಕೊಂಡರು. "ಮಧ್ಯಾಹ್ನ ಕೀಲಿ ನೋಡಿದಾಗ ಬಾಜೂ ಮನ್ಯಾಗ ಒಂದ ಮಾತು ಕೇಳಿದ್ರ ಆಗ್ತಿತ್ರಿ. ಟಾಂಗಾ ಹಿಡದು ಹೊತ್ತು ಮುಳುಗೂದ್ರಾಗ ಮುಟ್ಟತಿದ್ದೆ. ಕೇಳಲಿಲ್ಲ. ನಂದಽ ತಪ್ಪು ಸಾಹೇಬ್ರ."

ಅಲ್ಲ, ನೀವು ಕೇಳಿದ್ರಿ, ನನ್ನನ್ನೇ ಕೇಳಿದ್ರಿ, ನಾನು ಯಾದಿ ಮಡಚಿದೆ. ಇಷ್ಟು ಹೇಳಬೇಕಿತ್ತು.  ಇಡೀ ಓಣಿಯ ಮುಂದೆ ತಪ್ಪು ಒಪ್ಪಿಕೊಂಡ ಬಾಯಿ ಆ ಒಬ್ಬ ಮನುಷ್ಯನ ಮುಂದೆ ತೆರೆಯಲಿಲ್ಲ. ಮೂವತ್ತು ಮನೆಗಳ ಸಲುವಾಗಿ ಮಾಡಿದೆ ಎಂದು ನನಗೆ ನಾನೇ ಹೇಳಿಕೊಂಡಿದ್ದೆ. ಅವರ ಎದುರು ಕೂತಾಗ ಆ ಲೆಕ್ಕ ನಾಲಗೆಯ ಮೇಲೆ ಬರಲು ಒಪ್ಪಲಿಲ್ಲ.

ಹೊರಗೆ ಬೀದರಿನ ಲಾರಿ ಬಂದು ನಿಂತಿತು. ಮುಕಾದಮರು ಗೋಡೆ ಹಿಡಿದು ಎದ್ದು, ತಲೆಗೆ ವಸ್ತ್ರ ಸುತ್ತಿಕೊಂಡು, ಲಾರಿಯ ಹಿಂದೆ ಹೋಗಿ ಮೊದಲ ಚೀಲದ ಮೇಲೆ ಕೈಯಿಟ್ಟರು.

"ಇದು ತಿನ್ನೂದೋ ಬಿತ್ತೂದೋ ಸಾಹೇಬ್ರ?" ಎಂದು ಗಟ್ಟಿಯಾಗಿ ಕೇಳಿದರು.

"ತಿನ್ನೂದ್ರಿ," ಎಂದೆ.

ಬೀಜ ನಮ್ಮಲ್ಲಿಗೆ ಬರುವುದು ನಿಂತುಹೋಗಿತ್ತು. ಅದು ಅವರಿಗೂ ಗೊತ್ತಾಯಿತು. ಆದರೂ ಮರುವರ್ಷ ಕೆಲಸ ಬಿಟ್ಟು ಮಗಳಿದ್ದಲ್ಲಿಗೆ ಹೋಗುವವರೆಗೆ ಪ್ರತಿ ಲಾರಿಗೂ ಅವರು ಹಾಗೆ ಕೇಳುತ್ತಿದ್ದರು. ನಾನು ಪ್ರತಿ ಸಲ ಅದಕ್ಕಷ್ಟೇ ಉತ್ತರ ಕೊಟ್ಟೆ.